ಮೂರೂರ ಗದೆ

ಕಳೆದ ತಿಂಗಳು ಕುಂಡಗಳಿಗೆಂದು ರಾಣೆಬೆನ್ನೂರಿನಿಂದ ಒಂದು ಚೀಲ ಕೆಮ್ಮಣ್ಣು ತರಿಸಿದ್ದೆ. ಹಾವೇರಿಯ ಮನೆಯ ಹಿತ್ತಲಲ್ಲಿ ಚೀಲದ ಬಾಯಿ ಬಿಚ್ಚಿ ನೀರು ಚಿಮುಕಿಸಿದಾಗ, ಮಣ್ಣಿನ ವಾಸನೆಯ ಬೆನ್ನಿಗೇ ಒಣಮೆಣಸಿನಕಾಯಿಯ ವಾಸನೆಯೂ ಎದ್ದು ಬಂತು. ಮೆಣಸಿನಕಾಯಿಯ ಹಳೆಯ ಚೀಲದಲ್ಲೇ ಮಣ್ಣು ತುಂಬಿದ್ದರು. ಅಲ್ಲೇ ಕಟ್ಟೆಯ ಮೇಲೆ ಕುಳಿತುಬಿಟ್ಟೆ. ನಮ್ಮ ಬಸಣ್ಣ ಕಾಕಾ ಸೋಲಿಗೆ ಹೆದರಿ ಕೊನೆಯ ಕುಸ್ತಿಯನ್ನು ಅರ್ಧಕ್ಕೇ ಬಿಟ್ಟನೆಂದು ಬ್ಯಾಡಗಿಯಲ್ಲಿ ಹೇಳುವವರಿದ್ದಾರೆ. ಎದುರಾಳಿಯ ಕಣ್ಣಿಗೆ ಖಾರ ಎರಚಿದನೆಂದು ರಾಣೆಬೆನ್ನೂರಿನಲ್ಲಿ ಹೇಳುವವರಿದ್ದಾರೆ. ಎರಡೂ ಸುಳ್ಳು. ಆ ದಿನ ನಾನು ಅಲ್ಲಿದ್ದೆ. ಕಂಡಷ್ಟನ್ನು ಮಾತ್ರ ಬರೆಯುತ್ತೇನೆ.

ಬ್ಯಾಡಗಿಯ ನಮ್ಮ ಮನೆಯ ಮುಂಭಾಗ ಅಪ್ಪನ ಮೆಣಸಿನಕಾಯಿ ಅಂಗಡಿ, ಹಿಂದೆ ಪಡಸಾಲೆ, ಅಡುಗೆಮನೆ. ಬಂದ ಬೀಗರು ಹೊಸ್ತಿಲಲ್ಲೇ ಸೀನುತ್ತಿದ್ದರು. ನಮಗೆ ಮಾತ್ರ ಆ ಗಾಳಿಯಲ್ಲಿ ಏನೂ ಇಲ್ಲದ ಹಾಗೆ ಅನಿಸುತ್ತಿತ್ತು. ಅಪ್ಪನ ತಮ್ಮ ಬಸಣ್ಣ ಕಾಕಾ ಬೆಳಿಗ್ಗೆ ಗರಡಿಯಿಂದ ಬಂದು ಹಿತ್ತಲಲ್ಲಿ ನಿಂತರೆ ಅವನ ಬೆನ್ನಿನಿಂದ ಹುಳಿ ಮಜ್ಜಿಗೆ, ಅರಿಸಿನ, ಎಳ್ಳೆಣ್ಣೆ ಮತ್ತು ಬೆವರು ಕೂಡಿದ ಒಂದು ತಣ್ಣನೆಯ ವಾಸನೆ ಬರುತ್ತಿತ್ತು. ಗರಡಿಯ ಮಣ್ಣು ಮೆತ್ತಗಾಗಲೆಂದು ಅಜ್ಜಿ ಮಜ್ಜಿಗೆಗೆ ಅರಿಸಿನ ಕಲಸಿ ಕೊಡುತ್ತಿದ್ದಳು. ಆ ಕೊಡ ಹೊತ್ತು ಗರಡಿಯ ಬಾಗಿಲವರೆಗೆ ಹೋಗುವುದು ನನ್ನ ಕೆಲಸ. ಒಳಗೆ ಹೆಣ್ಣುಮಕ್ಕಳು ಕಾಲಿಡುವಂತಿರಲಿಲ್ಲ, ಮಣ್ಣು ಮುಟ್ಟುವಂತಿರಲಿಲ್ಲ. "ನಿನ್ನ ಮಜ್ಜಗಿನ ಒಳಗ ಹೋಗೇತಲ್ಲವಾ, ಇನ್ನ ನೀ ಯಾಕ?" ಎಂದು ಕಾಕಾ ನನ್ನ ಜಡೆ ಎಳೆದು ನಗುತ್ತಿದ್ದ.

ಆಗ ಹಾವೇರಿ, ರಾಣೆಬೆನ್ನೂರು, ಬ್ಯಾಡಗಿಯ ಹಿರಿಯರು ಕೂಡಿ ಒಂದು ಬೆಳ್ಳಿಯ ಗದೆ ಮಾಡಿಸಿದ್ದರು. ಜನ ಅದನ್ನು ಮೂರೂರ ಗದೆ ಎಂದರು. ವರ್ಷಕ್ಕೊಂದು ಊರಲ್ಲಿ ಕುಸ್ತಿ, ಗೆದ್ದವನ ಮನೆಯಲ್ಲಿ ಮುಂದಿನ ಕುಸ್ತಿಯವರೆಗೆ ಗದೆ. ಮೂರೂ ಊರಲ್ಲಿ ಗೆದ್ದವನಿಗೆ ಅದು ಕಾಯಂ. ಕಾಕಾ ಹಾವೇರಿಯಲ್ಲಿ ಗೆದ್ದ, ರಾಣೆಬೆನ್ನೂರಿನಲ್ಲೂ ಗೆದ್ದ. ಪಡಸಾಲೆಯಲ್ಲಿ ಉದ್ದನೆಯ ಮೊಳೆ ಹೊಡೆದು ಗದೆ ತೂಗುಹಾಕಿದ್ದರು. ಸಂಜೆಯ ಬಿಸಿಲು ಕಿಟಕಿಯಿಂದ ಅದರ ಮೇಲೆ ಬಿದ್ದರೆ ಅಜ್ಜಿಯ ಮುಖದವರೆಗೂ ಹೊಳಪು ಹಾಯುತ್ತಿತ್ತು. ಉಳಿದದ್ದು ನಮ್ಮೂರಿನ ಕುಸ್ತಿ ಒಂದೇ. ಎದುರಾಳಿ ರಾಣೆಬೆನ್ನೂರಿನ ಇಮಾಮಸಾಬರು. ಹಿಂದಿನ ವರ್ಷ ಕಾಕಾನಿಗೆ ಸೋತವರು, ಸೋತ ಮೇಲೆ ನಮ್ಮ ಮನೆಗೆ ಬಂದು ಹೋಳಿಗೆ ಉಂಡವರು.

ಕುಸ್ತಿಗೆ ಬಯಲಿನಲ್ಲಿ ಹೊಸ ಮಣ್ಣು ಹಾಸಬೇಕಿತ್ತು. ಹೊಲದ ಕೆಮ್ಮಣ್ಣನ್ನು ಅಪ್ಪ ಅಂಗಡಿಯ ಚೀಲಗಳಲ್ಲಿ ತುಂಬಿಸಿದ. ಹಮಾಲರು ಚೀಲಗಳನ್ನು ಚೆನ್ನಾಗಿ ಝಾಡಿಸಿದ್ದನ್ನು ನಾನು ನೋಡಿದ್ದೇನೆ. ಆದರೂ ನೂಲಿನ ಸಂದಿಯಲ್ಲಿ ಪುಡಿ ಉಳಿದಿತ್ತು. ಕೆಂಪು ಮಣ್ಣಿನಲ್ಲಿ ಕೆಂಪು ಪುಡಿ ಯಾರ ಕಣ್ಣಿಗೂ ಬೀಳಲಿಲ್ಲ. ಮೂಗಿಗೆ ತಿಳಿಯಬೇಕಿತ್ತು, ಆದರೆ ಅಲ್ಲಿದ್ದ ಮೂಗುಗಳೆಲ್ಲ ಬ್ಯಾಡಗಿಯವು.

ನಾನು ಅಜ್ಜಿಯ ಜೊತೆ ಬಯಲಿನ ಪಕ್ಕದ ಮಾಳಿಗೆಯ ಮೇಲಿದ್ದೆ. ಹಲಗೆ ಬಾರಿಸಿದರು. ರಿವಾಜಿನಂತೆ ಇಬ್ಬರೂ ಹಿಡಿಮಣ್ಣು ತೆಗೆದು ಒಬ್ಬರ ಹೆಗಲಿಗೆ ಇನ್ನೊಬ್ಬರು ಸವರಿದರು. ಕಾಕಾನ ಕೈಯಿಂದಲೇ ಆ ಮಣ್ಣು ಇಮಾಮಸಾಬರ ಮೈಗೆ ಹತ್ತಿತು. ಕುಸ್ತಿ ಬಿಗಿಯಾದಂತೆ ಬೆವರಿನ ಜೊತೆ ಕಣ್ಣಿಗೂ ಇಳಿಯಿತು. ಕಾಕಾನ ಕಣ್ಣೂ ಕೆಂಪಾಗಿದ್ದವು, ಆದರೆ ಅವನು ಆ ಪುಡಿಯಲ್ಲೇ ಹುಟ್ಟಿ ಬೆಳೆದವನು. ಅವನು ಇಮಾಮಸಾಬರನ್ನು ಕೆಳಗೆ ಹಾಕಿ ಒಂದು ಹೆಗಲು ನೆಲಕ್ಕೆ ಹಚ್ಚಿದ್ದ. ಇನ್ನೊಂದು ಹೆಗಲು ತಾಗಿದ್ದರೆ ಗದೆ ನಮ್ಮದು. ಅಷ್ಟರಲ್ಲಿ ಕಾಕಾ ಒತ್ತುವುದನ್ನು ನಿಲ್ಲಿಸಿಬಿಟ್ಟ.

"ಏ ಬಸಣ್ಣ, ಹೊಸ ಮದಲಗಿತ್ತಿನ ಹಿಡದಂಗ ಹಿಡೀತೀಯಲ್ಲೋ, ಒತ್ತೋ!" ಎಂದು ಯಾರೋ ಕೂಗಿದರು. ಜನ ನಕ್ಕರು. ಕಾಕಾ ಬಗ್ಗಿ ಏನೋ ಕೇಳಿದ. ಇಮಾಮಸಾಬರು ಕಣ್ಣು ಮುಚ್ಚಿಕೊಂಡೇ, "ಏನೂ ಕಾಣವಲ್ದಲೇ, ಉರಿಯಾಕತ್ತೇತಿ. ನೀ ಮುಗಸಲೇ" ಎಂದರಂತೆ, ಅದನ್ನು ಕಾಕಾ ಆಮೇಲೆ ಹೇಳಿದ. ನಾನು ಕಂಡದ್ದು ಇಷ್ಟು: ಕಾಕಾ ಹಿಡಿತ ಸಡಿಲಿಸಿದ, ಅವರನ್ನು ಎಬ್ಬಿಸಿದ, ಹಿಡಿಮಣ್ಣು ಮೂಗಿಗೆ ಹಿಡಿದು ಬಹಳ ಹೊತ್ತು ಮೂಸಿದ. ಆಮೇಲೆ ನೀರಿನ ಕೊಡ ತರಿಸಿ ಮೊದಲು ಅವರ ಕಣ್ಣು ತೊಳೆದ.

"ಒಂದ ಹೆಗಲ ಐತೆಪಾ ಬಸಣ್ಣ, ಹಚ್ಚಿಬಿಡು. ಗದಿ ನಿಂದ" ಎಂದರು ಪಂಚರು.

"ಕಣ್ಣು ಕಾಣದಾಂವನ್ನ ಕೆಡವಿ ತಂದ ಗದಿ ನಮ್ಮ ಮನ್ಯಾಗ ಯಾಕರಿ?" ಎಂದ ಕಾಕಾ. ದನಿ ಏರಿಸಲಿಲ್ಲ, ಆದರೂ ಮಾಳಿಗೆಯವರೆಗೆ ಕೇಳಿಸಿತು. ಅಜ್ಜಿ ನನ್ನ ಕೈಯನ್ನು ನೋಯುವಷ್ಟು ಗಟ್ಟಿಯಾಗಿ ಹಿಡಿದುಕೊಂಡಳು.

ಬೇಕಂತಲೇ ಖಾರ ಕಲಸಿದ್ದಾರೆಂದು ರಾಣೆಬೆನ್ನೂರಿನವರು ಎದ್ದು ನಿಂತರು. ಕಲ್ಲುಗಳೂ ಹಾರಿದವು. ನಡುವೆ ಬಂದು ನಿಂತವರು ಅದೇ ಇಮಾಮಸಾಬರು, ಇನ್ನೂ ಕಣ್ಣೀರು ಸುರಿಸುತ್ತಲೇ. "ಮೋಸ ಅಲ್ರೋ ಇದು. ಬ್ಯಾಡಗ್ಯಾಗ ಹಾಲೂ ಖಾರ ಇರ್ತಾವ!" ಜಗಳ ಅಲ್ಲಿಗೆ ನಿಂತಿತು. ಹಿರಿಯರ ಮನಸ್ಸು ಮಾತ್ರ ಮತ್ತೆ ಕೂಡಲಿಲ್ಲ. ಗದೆಯನ್ನು ಬಟ್ಟೆಯಲ್ಲಿ ಸುತ್ತಿ ಒಯ್ದರು. ಆ ಬಿರುದಿಗಾಗಿ ಮತ್ತೆ ಕುಸ್ತಿ ನಡೆಯಲಿಲ್ಲ. ಗದೆ ಎಲ್ಲಿದೆಯೋ ನನಗೆ ಗೊತ್ತಿಲ್ಲ.

ಪಡಸಾಲೆಯ ಮೊಳೆ ಉಳಿಯಿತು. ಅಪ್ಪ ಒಮ್ಮೆ ಅದಕ್ಕೆ ಕ್ಯಾಲೆಂಡರ್ ಹಾಕಲು ಹೋದಾಗ ಅಜ್ಜಿ, "ಅದು ಖಾಲಿ ಇಲ್ಲಪಾ, ಕೈ ತಗಿ" ಎಂದಳು. ಬಂದವರೆಲ್ಲ ಆ ಮೊಳೆ ಏಕೆಂದು ಕೇಳಲಿ ಎಂದೇ ಅವಳು ಕಾಯುತ್ತಿದ್ದಳು. ನಿಮ್ಮ ಹಳೆಯ ಮನೆಯ ಗೋಡೆಯಲ್ಲೂ ಅಂಥದೊಂದು ಮೊಳೆ ಇದ್ದಿರಬಹುದು.

ಆ ಮನೆ ಈಗಿಲ್ಲ, ಅಲ್ಲಿ ಗೋದಾಮು ಎದ್ದಿದೆ. ಕಾಕಾ ತೀರಿಕೊಂಡಾಗ ಮಾತ್ರ ಇನ್ನೂ ಇತ್ತು. ನಮ್ಮ ಪದ್ಧತಿಯಂತೆ ಅವನನ್ನು ಗೋಡೆಗೆ ಆನಿಸಿ ಕೂರಿಸಿದ್ದರು, ಅದೇ ಮೊಳೆಯ ಕೆಳಗೆ. ಮಧ್ಯಾಹ್ನ ಇಮಾಮಸಾಬರು ಮೊಮ್ಮಗನ ಭುಜ ಹಿಡಿದು ಬಂದರು. ಕರವಸ್ತ್ರದ ಗಂಟು ಬಿಚ್ಚಿದರೆ ತಮ್ಮ ಗರಡಿಯ ಕೆಮ್ಮಣ್ಣು. "ಮೂಸಿ ನೋಡೇನಿ ಬಸಣ್ಣ, ಖಾರ ಇಲ್ಲ" ಎಂದು ಕಾಕಾನ ಎರಡೂ ಹೆಗಲಿಗೆ ಸವರಿದರು. ಆಮೇಲೆ ತಮ್ಮ ಅಂಗಿಯ ಗುಂಡಿ ಬಿಚ್ಚಿ, ಹೆಗಲು ಬಾಗಿಸಿ, ಕಾದರು. ಮಣ್ಣು ಹಚ್ಚಿಸಿಕೊಂಡವನು ತಿರುಗಿ ಹಚ್ಚಬೇಕು. ಅವರು ತಲೆ ಎತ್ತಿ ನನ್ನ ಕಡೆ ನೋಡಿದರು.

"ಬಾರವಾ ಮಗಳ. ನಿಮ್ಮ ಕಾಕಾನ ಪಾಳಿ ಐತಿ."

ನಾನು ಎದ್ದು ಹೋಗಿ ಮಣ್ಣಿಗೆ ಕೈ ಹಾಕಿದೆ. ತಂಪಾಗಿತ್ತು, ಅಜ್ಜಿಯ ಮಜ್ಜಿಗೆಯ ಕೊಡದ ಹಾಗೆ ವಾಸನೆ ಬರುತ್ತಿತ್ತು. ಇಮಾಮಸಾಬರ ಎರಡೂ ಹೆಗಲಿಗೆ ಸವರಿದೆ. ಆ ಮುಪ್ಪಿನಲ್ಲೂ ಅವು ಕಲ್ಲಿನಂತಿದ್ದವು.