ಹುಲಿತಲೆಗೆ ಊದು

ಅರಬರ ನಾಡಿನ ಯಾನ್ಬುವಿನಲ್ಲಿ ಹುಲಿವೇಷದ ತಾಲೀಮು ನಡೆಯುತ್ತಿದೆ, ನೋಡಲು ಬನ್ನಿ ಎಂದು ಕರೆದಾಗ ನಾನು ಮೊದಲು ಕೇಳಿದ್ದು "ಶಬ್ದ ಹೊರಗೆ ಹೋಗುತ್ತದೆಯೇ?" ಎಂದು. ಮೈಸೂರಿನವನು ನಾನು. ಮಂಗಳೂರು ಕಡೆಯ ಹುಲಿಗಳನ್ನು ಕಂಡದ್ದು ಕ್ಯಾಲೆಂಡರಿನಲ್ಲಿ ಮಾತ್ರ. ನೋಡುವ ಆಸೆಯೇನೋ ಇತ್ತು, ಆದರೆ ಆಸೆಗಿಂತ ಪುಕ್ಕಲುತನ ಒಂದು ಹಿಡಿ ಹೆಚ್ಚೇ ಇತ್ತು. ನಮ್ಮ ಪೂಜೆಗೆ ಅಪ್ಪಣೆಯಿಲ್ಲದ ತೊಂಬತ್ತರ ದಶಕದ ಆ ಊರಿನಲ್ಲಿ ನಾವು ದೇವರ ಪಟವನ್ನು ಬೀರುವಿನ ಒಳಬಾಗಿಲಿಗೆ ಅಂಟಿಸಿಕೊಂಡು, ಕೈಮುಗಿದು, ಬೀರು ಮುಚ್ಚಿ ಕೆಲಸಕ್ಕೆ ಹೋಗುತ್ತಿದ್ದವರು. ಅಂಥ ಕಡೆ ಡೋಲು, ತಾಸೆ ಬಾರಿಸುವುದೆಂದರೆ ಬೇಲಿ ಮೇಲೆ ಹೋಗುವ ಓತಿಕ್ಯಾತನನ್ನು ಕರೆದು ಕಿವಿಯಲ್ಲಿ ಬಿಟ್ಟುಕೊಂಡ ಹಾಗೆಯೇ ಸರಿ.

ಕರೆದವರು ನಮ್ಮ ಪ್ಲಾಂಟಿನ ವೆಲ್ಡಿಂಗ್ ಫೋರ್‌ಮನ್. ಉಡುಪಿ ಕಡೆಯವರು, ಅಜ್ಜನ ಕಾಲದಿಂದಲೂ ಹುಲಿ ತಂಡ ಕಟ್ಟುತ್ತಿದ್ದ ಮನೆಯವರು.

"ಶಬ್ದ ಎಂತದ್ದೂ ಇಲ್ಲ ಮಾರಾಯ್ರೆ," ಎಂದರು. "ಇವತ್ತು ದಿಂಬಿನ ಮೇಲೆ ಬಾರಿಸುವುದು. ನಿಜದ ತಾಸೆ ಮುಂದಿನ ಶುಕ್ರವಾರ, ಊರಿಂದ ಹೊರಗೆ ಒಂದು ಖರ್ಜೂರದ ತೋಟ ಉಂಟು, ಅಲ್ಲಿ. ಅಲ್ಲಿ ಕೇಳುವವರು ಒಂಟೆ ಮಾತ್ರ."

ಆ ಸಂಜೆಯೇ ನನ್ನನ್ನು ಕರೆದುಕೊಂಡು ಹೋಗಲು ಡ್ರೈವರ್ ಬಂದ. ಬಂಟ್ವಾಳದ ಕಡೆಯ ಬ್ಯಾರಿ, ನಮ್ಮನ್ನೆಲ್ಲ ಮಾರ್ಕೆಟ್ಟಿಗೆ, ಆಸ್ಪತ್ರೆಗೆ ಸಾಗಿಸುತ್ತಿದ್ದವನು. ಬಾಯಿ ತೆರೆದರೆ ಮುಚ್ಚುತ್ತಿರಲಿಲ್ಲ. ಆದರೆ ದೂರದಲ್ಲಿ ಪೊಲೀಸ್ ಜೀಪು ಕಂಡರೆ ಮಾತು ಅರ್ಧಕ್ಕೆ ನಿಂತು ಗಾಡಿ ತಾನಾಗಿ ಪಕ್ಕದ ಗಲ್ಲಿಗೆ ತಿರುಗುತ್ತಿತ್ತು. ಅವನ ಇಕಾಮಾ, ಎಂದರೆ ಅಲ್ಲಿ ಇದ್ದು ದುಡಿಯಲು ಕೊಡುವ ಪರವಾನಗಿ ಕಾರ್ಡು, ಮದೀನಾದ ಕಫೀಲ್ ಒಬ್ಬನ ಹೆಸರಿನಲ್ಲಿತ್ತು. ಆ ಯಜಮಾನನನ್ನು ಬಿಟ್ಟು ಇಲ್ಲಿ ಬಂದು ದುಡಿಯುತ್ತಿದ್ದಾನೆಂದು ಒಬ್ಬರು ಆ ಕಾರ್ಡನ್ನು ತಿರುಗಿಸಿ ನೋಡಿದರೂ ಸಾಕು, ಅವನನ್ನು ನೇರ ವಿಮಾನ ಹತ್ತಿಸುತ್ತಿದ್ದರು. ಇದು ನಮಗೆಲ್ಲ ಗೊತ್ತಿತ್ತು.

"ಹುಲಿಗೂ ನಿನಗೂ ಏನಪ್ಪ ಸಂಬಂಧ?" ಎಂದು ಕೆಣಕಿದೆ.

"ಎಂತ ಸಾರ್, ಊರಲ್ಲಿ ಹುಲಿ ಬರುವಾಗ ನಾನು ಉಮ್ಮನ ಹಿಂದೆ ಹೋಗಿ ಕಣ್ಣು ಮುಚ್ಚುದು. ಅಷ್ಟು ಹೆದರಿಕೆ. ಒಂದು ಸಲ ಸಹ ಪೂರ್ತಿ ನೋಡ್ಲಿಲ್ಲ. ಇಲ್ಲಿಯಾದ್ರೂ ನೋಡುವ ಅಂತ."

ಫೋರ್‌ಮನ್ ಇದ್ದ ಮನೆ ಒಂದೇ ಅಂತಸ್ತಿನದು, ಸುತ್ತ ಎತ್ತರದ ಗೋಡೆ, ಮುಂದೆ ಕಬ್ಬಿಣದ ಗೇಟು. ಎರಡೂ ಪಕ್ಕದಲ್ಲಿ ಅಲ್ಲಿನವರದೇ ಸಂಸಾರಗಳು. ಗೋಡೆಯಾಚೆ ಮಕ್ಕಳು ಚೆಂಡು ಒದೆಯುವುದು ಸ್ಪಷ್ಟವಾಗಿ ಕೇಳುತ್ತಿತ್ತು. ಅವರದು ನಮಗೆ ಇಷ್ಟು ಚೆನ್ನಾಗಿ ಕೇಳಿದರೆ ನಮ್ಮದು ಅವರಿಗೆ ಎಷ್ಟು ಕೇಳೀತು ಎಂಬ ಲೆಕ್ಕವನ್ನು ಆಗಲೇ ಹಾಕತೊಡಗಿದೆ. ಗಾಡಿಯನ್ನು ಆಚೆ ಬೀದಿಯ ಬಕಾಲಾ ಅಂಗಡಿಯ ಮುಂದೆ ಬಿಟ್ಟು ನಡೆದು ಬಂದಿದ್ದೆವು. ಒಳಗೆ ಕಾಲಿಟ್ಟ ಕೂಡಲೇ ಫೋರ್‌ಮನ್ ಬಾಗಿಲ ಬಳಿಯ ಚಪ್ಪಲಿಗಳನ್ನೆಲ್ಲ ಬಾಚಿ ಖಾಲಿ ಅಕ್ಕಿ ಚೀಲಕ್ಕೆ ತುಂಬಿ ಅಡುಗೆಮನೆಯಲ್ಲಿಟ್ಟರು. ಚಪ್ಪಲಿ ಎಣಿಸಿದರೆ ಒಳಗೆ ಎಷ್ಟು ಜನ ಎಂದು ಗೊತ್ತಾಗುತ್ತದಲ್ಲ! ಪ್ರವಾಸಿಯ ಹಾಗೆ ನಾನು ಕೊರಳಿಗೆ ಹಾಕಿಕೊಂಡು ಬಂದಿದ್ದ ಕ್ಯಾಮೆರಾ ನೇರ ಫ್ರಿಜ್ಜಿನೊಳಗೆ, ಮೊಸರಿನ ಡಬ್ಬದ ಹಿಂದೆ ಹೋಯಿತು. ನನಗೆ ಸಿಟ್ಟು ಬಂತು. ಭಯವೂ ಆಯಿತು, ಆದ್ದರಿಂದ ಸಿಟ್ಟನ್ನು ನುಂಗಿಕೊಂಡೆ.

ಹಾಲಿನಲ್ಲಿ ಸೋಫಾಗಳನ್ನು ಗೋಡೆಗೆ ಸರಿಸಿ, ಪರದೆಗಳಿಗೆ ಪಿನ್ನು ಚುಚ್ಚಿದ್ದರು. ಪ್ಲಾಂಟಿನ ನಾಲ್ಕಾರು ಜನ ಕೂತಿದ್ದರು. ತಾಸೆ ಎಂಬ ಆ ಚಪ್ಪಟೆ ವಾದ್ಯವನ್ನು ಫೋರ್‌ಮನ್ ದಪ್ಪ ಪೈಪಿನ ಕೊನೆಗೆ ಬೆಸೆಯುವ ಉಕ್ಕಿನ ಮುಚ್ಚಳದಿಂದ ಮಾಡಿದ್ದರು; ಮೇಲೆ ಮೇಕೆಯ ಚರ್ಮ. ಚರ್ಮ ಇನ್ನೂ ಸರಿಯಾಗಿ ಹದವಾಗಿರಲಿಲ್ಲ, ಕೋಣೆಯೆಲ್ಲ ಅದರದೇ ನಾತ. ಡೋಲಿನ ಬದಲಿಗೆ ನೀಲಿ ಪ್ಲಾಸ್ಟಿಕ್ ಡ್ರಮ್ಮು ಇತ್ತು. ಕುರಿಯ ತುಪ್ಪಟದಿಂದ ಮಾಡಿ ಹಳದಿ ಕಪ್ಪು ಬಳಿದ ಹುಲಿಯ ತಲೆ ಮೂಲೆಯ ಕುರ್ಚಿಯ ಮೇಲೆ ಕೂತಿತ್ತು. ಅದಕ್ಕೆ ಗಾಜಿನ ಕಣ್ಣು ಹಚ್ಚಿದ್ದರು. ಎಲ್ಲಿ ಕೂತರೂ ನನ್ನನ್ನೇ ನೋಡುತ್ತಿದೆ ಅನ್ನಿಸಿ ಎರಡು ಸಲ ಜಾಗ ಬದಲಿಸಿದೆ.

ಹುಲಿಯಾಗುವವನು ಪೈಪ್ ಫಿಟ್ಟರ್, ಕಡ್ಡಿಯಂಥ ಮನುಷ್ಯ. ಹೋದ ವರ್ಷ ಊರಿನಲ್ಲಿ ಅವನ ಮಗಳಿಗೆ ಜ್ವರ ನೆತ್ತಿಗೇರಿ, ಡಾಕ್ಟರೇ ಕೈಚೆಲ್ಲಿದ್ದಾಗ, ಮಗು ಉಳಿದರೆ ನವರಾತ್ರಿಗೆ ಹುಲಿ ಹಾಕುತ್ತೇನೆಂದು ಇವನು ಇಲ್ಲಿಂದಲೇ ದೇವಿಗೆ ಹರಕೆ ಹೊತ್ತಿದ್ದ. ಮಗು ಉಳಿಯಿತು. ಆದರೆ ನವರಾತ್ರಿ ಬಂದರೂ ರಜೆ ಸಿಗಲಿಲ್ಲ. ಹರಕೆಗೆ ಊರೇನು, ಮರಳುಗಾಡೇನು, ಹುಲಿ ಕುಣಿದರಾಯಿತು ಎಂದು ಫೋರ್‌ಮನ್ ಈ ಏರ್ಪಾಡು ಮಾಡಿದ್ದರು. ಆ ವಾರ ಊರಿಗೆ ಫೋನ್ ಮಾಡಿದಾಗ ಮಗುವಿನ ಮೈ ಮತ್ತೆ ಸುಡುತ್ತಿದೆ ಎಂದು ಹೆಂಡತಿ ಹೇಳಿದ್ದಳಂತೆ. ಇದನ್ನು ಡ್ರೈವರ್ ನನ್ನ ಕಿವಿಯಲ್ಲಿ ಹೇಳಿದ.

ತಾಲೀಮು ಶುರುವಾಯಿತು. ಫೋರ್‌ಮನ್ ಎರಡು ತೆಳ್ಳಗಿನ ಕೋಲು ಹಿಡಿದು ತಲೆದಿಂಬಿಗೆ ಬಾರಿಸತೊಡಗಿದರು. ಇದಕ್ಕಾಗಿ ಇಷ್ಟೊಂದು ಗುಟ್ಟೇ, ಹಾಸಿಗೆ ಹೊಲಿಯುವವನ ಅಂಗಡಿಯಲ್ಲಿ ಇದಕ್ಕಿಂತ ಹೆಚ್ಚು ಸದ್ದಾಗುತ್ತದೆ ಎಂದುಕೊಂಡೆ. ಆದರೆ ಪೈಪ್ ಫಿಟ್ಟರ್ ಮೊಣಕಾಲು ಬಗ್ಗಿಸಿ, ಬೆರಳು ಮಡಚಿ, ಕಾರ್ಪೆಟ್ಟಿನ ಮೇಲೆ ಹೆಜ್ಜೆ ಇಟ್ಟ ರೀತಿಗೆ ನನ್ನ ಕುಹಕ ಅಲ್ಲಿಗೇ ನಿಂತಿತು. ಸದ್ದೇ ಇಲ್ಲದೆ ಒಂದು ಮನುಷ್ಯಾಕೃತಿ ನಮ್ಮ ಮುಂದೆ ಸುಳಿಯುತ್ತಿದ್ದರೆ ನಿಜಕ್ಕೂ ಹೆದರಿಕೆಯಾಗುತ್ತದೆ.

ಕಾಫಿಯ ಹೊತ್ತಿಗೆ ಎಲ್ಲರೂ ಮಾತಿಗೆ ಕೂತರು. ನಾನು ಮೂಗು ಮುಚ್ಚಿಕೊಂಡಿದ್ದನ್ನು ಡ್ರೈವರ್ ನೋಡಿರಬೇಕು. ಅತಿಥಿ ಬಂದರೆ ಕಾಫಿಯ ನಂತರ ಊದು ಎಂಬ ಸುಗಂಧದ ಕಟ್ಟಿಗೆಯ ಹೊಗೆ ಕೊಡುವುದು ಅಲ್ಲಿನ ಮನೆಗಳ ಮರ್ಯಾದೆ. ಅವನು ಜೇಬಿನಿಂದ ಮದೀನಾದ ಒಳ್ಳೆಯ ಊದಿನ ಚೂರು ತೆಗೆದು, ಅಡುಗೆಮನೆಯಿಂದ ಕೆಂಡ ತಂದು, ಧೂಪದಾನಿ ಹಿಡಿದು ನನ್ನ ಮುಂದೆ ಬಗ್ಗಿದ. ನಾನು ಕೈಯಿಂದ ಹೊಗೆಯನ್ನು ಮುಖಕ್ಕೆ ಎಳೆದುಕೊಂಡೆ. ಒಬ್ಬೊಬ್ಬರಿಗೂ ಕೊಡುತ್ತ ಹೋದವನು ಕೊನೆಗೆ ಮೂಲೆಯ ಕುರ್ಚಿಯ ಹತ್ತಿರ ನಿಂತ. ಅರಬರು ತಲೆಯ ಬಟ್ಟೆಯನ್ನು ಹೊಗೆಗೆ ಹಿಡಿದು ಘಮ ಏರಿಸುವುದನ್ನು ದಿನಾ ನೋಡಿದ್ದವನು, ಅದೇ ಪ್ರೀತಿಯಿಂದ ಹುಲಿಯ ತಲೆಯನ್ನು ಎತ್ತಿ ಊದಿನ ಮೇಲೆ ಹಿಡಿದ. ತುಪ್ಪಟಕ್ಕೂ ಹತ್ತಿದ್ದ ಚರ್ಮದ ನಾತ ಹೋಗಲಿ ಎಂದು ಅದನ್ನು ಹೊರಳಿಸಿ ಎರಡು ಕಡೆಗೂ ಹೊಗೆ ಕೊಟ್ಟ.

ಫೋರ್‌ಮನ್ ಕೈಯ ಲೋಟ ಕೆಳಗಿಟ್ಟರು.

"ಎಂತ ಮಾಡಿದಿರಿ ಬ್ಯಾರಿಗಳೇ!"

ಅವನಿಗೆ ಅರ್ಥವಾಗಲಿಲ್ಲ. ನನಗೂ ಆಗಲಿಲ್ಲ. ಉಳಿದವರು ಒಮ್ಮೆಲೇ ತುಳುವಿನಲ್ಲಿ ಮಾತಾಡತೊಡಗಿದರು. ಫೋರ್‌ಮನ್ ನನಗಾಗಿ ಕನ್ನಡದಲ್ಲಿ ಹೇಳಿದರು: ಹುಲಿ ಹೊರಡುವ ಮೊದಲು ಊದು ಪೂಜೆ. ತಲೆಗೆ ಊದು ತೋರಿಸಿದ ಮೇಲೆ ಅದು ತಾಲೀಮಲ್ಲ, ಹುಲಿ ಇಳಿದ ಹಾಗೆ. ಅವರ ಮನೆಯ ಕಟ್ಟಿನ ಪ್ರಕಾರ ಸೂರ್ಯ ಮುಳುಗುವುದರೊಳಗೆ ಆ ತಲೆ ಕಟ್ಟಿ, ತಾಸೆಯ ಪೆಟ್ಟಿಗೆ ಕುಣಿದು, ಕಡೆಗೆ ಹುಲ್ಲಿನಲ್ಲಿ ಬಿಗಿದು ಕಟ್ಟಿದ ಅಕ್ಕಿಯ ಮುಡಿಯನ್ನು ಹಲ್ಲಿನಲ್ಲಿ ಕಚ್ಚಿ ಎತ್ತಿ ಹಿಂದಕ್ಕೆ ಎಸೆಯಬೇಕು. ಇಲ್ಲದಿದ್ದರೆ ಹರಕೆ ಮುರಿದಂತೆ.

"ಗೊತ್ತಿಲ್ಲದೆ ಆದದ್ದು ಲೆಕ್ಕಕ್ಕೆ ಬರುವುದಿಲ್ಲ," ಎಂದು ನಾನು ಭಾಷಣ ಶುರು ಮಾಡಿದೆ. "ಹೊಗೆಗೆ ಪೂಜೆ ಗೊತ್ತೇ, ಪರಿಮಳ ಗೊತ್ತೇ? ಮುಂದಿನ ಶುಕ್ರವಾರ ತೋಟದಲ್ಲಿ ಮತ್ತೊಮ್ಮೆ ತೋರಿಸಿದರಾಯಿತು. ಇಲ್ಲಿ ತಾಸೆ ಬಾರಿಸಿದರೆ ನಾವೆಲ್ಲ ಒಟ್ಟಿಗೆ ಊರಿಗೆ ಹೋಗಬೇಕಾಗುತ್ತದೆ."

ಪೈಪ್ ಫಿಟ್ಟರ್ ನನ್ನ ಮಾತನ್ನು ಮರ್ಯಾದೆಯಿಂದಲೇ ಕೇಳಿದ. ಕೇಳುತ್ತಲೇ ಸೊಂಟಕ್ಕೆ ಬಾಲ ಕಟ್ಟಿಕೊಳ್ಳುತ್ತಿದ್ದ.

"ನೀವು ಹೇಳುವುದು ಸರಿ ಇರಬಹುದು ಸಾರ್. ಮಗುವಿಗೆ ಜ್ವರ ಉಂಟು. ಕುಣಿಯದೆ ಇರ್ಲಿಕ್ಕೆ ನನಗೆ ಧೈರ್ಯ ಇಲ್ಲ."

ಡ್ರೈವರ್ ಧೂಪದಾನಿಯನ್ನು ನೆಲಕ್ಕಿಟ್ಟು ಗೋಡೆಗೆ ಒರಗಿ ನಿಂತಿದ್ದ. ಯಾರೂ ಅವನನ್ನು ಬೈಯಲಿಲ್ಲ.

ಹೊತ್ತು ಕಡಿಮೆಯಿತ್ತು. ಸೂರ್ಯ ಮುಳುಗುತ್ತಲೇ ಕೂಗುವ ಮಗ್ರಿಬ್ ಬಾಂಗಿನ ಹೊತ್ತಿಗೆ ಇಡೀ ಬೀದಿ ಮೌನವಾಗುತ್ತದೆ. ಆಗ ಒಂದು ಪೆಟ್ಟು ಕೇಳಿಸಿದರೂ ಮುಗಿಯಿತು. ಅದಕ್ಕೆ ಮೊದಲೇ ಮುಗಿಸಬೇಕು. ಮನೆಯ ಎಲ್ಲ ಏಸಿಗಳನ್ನೂ ಹಾಕಿದರು, ನೀರಿನ ಪಂಪು ಓಡಿಸಿದರು, ಬಚ್ಚಲಿನ ನಲ್ಲಿ ಬಿಟ್ಟರು. ಹಳೆಯ ಕಿಟಕಿ ಏಸಿಗಳು ಲಾರಿಯಂತೆ ಗುಡುಗಿದವು. ಫೋರ್‌ಮನ್ ತಾಸೆಯನ್ನು ಕೆಂಡದ ಬಿಸಿಗೆ ಹಿಡಿದು ಚರ್ಮ ಬಿಗಿ ಮಾಡಿಕೊಂಡು, ಕೊರಳಿಗೆ ಹಾಕಿಕೊಂಡು, ಒಮ್ಮೆ ಕಣ್ಣು ಮುಚ್ಚಿ ಬಾರಿಸಿಯೇ ಬಿಟ್ಟರು.

ಏಸಿಯ ಸದ್ದು ಎಲ್ಲಿ ಹೋಯಿತೋ ತಿಳಿಯಲಿಲ್ಲ. ಆ ಉಕ್ಕಿನ ಮುಚ್ಚಳ ಕಿರುಚಿದ ಬಗೆಗೆ ಕಿಟಕಿಯ ಗಾಜು ನಡುಗಿತು. ಡ್ರಮ್ಮು ಜೊತೆಗೂಡಿತು. ತಲೆ ಕಟ್ಟಿಕೊಂಡ ಪೈಪ್ ಫಿಟ್ಟರ್ ನೆಲಕ್ಕೆ ಕೈಯೂರಿ ಎದ್ದ. ಅವನು ನನಗೆ ಪರಿಚಯದವನಾಗಿ ಉಳಿಯಲಿಲ್ಲ. ಪಲ್ಟಿ ಹೊಡೆದ, ಸೋಫಾದ ಬೆನ್ನಿನ ಮೇಲೆ ಹತ್ತಿ ಕೂತ, ಗಾಜಿನ ಕಣ್ಣುಗಳನ್ನು ನನ್ನ ಮುಖದ ಹತ್ತಿರ ತಂದು ಉಸಿರು ಬಿಟ್ಟ. ನನಗೆ ಮೈಯೆಲ್ಲ ಬೆವರು. ನಾಚಿಕೆ ಬಿಟ್ಟು ಹೇಳಬೇಕೆಂದರೆ ಸಂತೋಷವೂ ಆಗಿತ್ತು. ಇದನ್ನು ನೋಡದೆ ಸತ್ತಿದ್ದರೆ ನಷ್ಟವಾಗುತ್ತಿತ್ತು ಎಂದುಕೊಂಡೆ. ಪಕ್ಕದಲ್ಲಿ ಡ್ರೈವರ್ ಕಣ್ಣು ಮುಚ್ಚಿರಲಿಲ್ಲ, ಬಾಯಿ ತೆರೆದು ನೋಡುತ್ತಿದ್ದ.

ಗೋಡೆಯಾಚೆ ಚೆಂಡಿನ ಸದ್ದು ನಿಂತದ್ದನ್ನು ಮೊದಲು ಗಮನಿಸಿದವನು ನಾನೇ ಇರಬೇಕು. ಮಕ್ಕಳನ್ನು ಯಾರೋ ಒಳಗೆ ಕರೆದರು. ಸ್ವಲ್ಪ ಹೊತ್ತಿಗೆ ಬೀದಿಯಲ್ಲಿ ಗಾಡಿ ನಿಂತ ಸದ್ದಾಯಿತು, ಬಾಗಿಲು ಮುಚ್ಚಿದ ಸದ್ದಾಯಿತು. ಆಮೇಲೆ ಕಬ್ಬಿಣದ ಗೇಟಿಗೆ ಅಂಗೈಯಿಂದ ಬಡಿದರು.

ಫೋರ್‌ಮನ್ ನನ್ನತ್ತ ನೋಡಿದರು, ಕೈ ನಿಲ್ಲಿಸಲಿಲ್ಲ. ಹುಲಿ ಇನ್ನೂ ಅಕ್ಕಿ ಎತ್ತಿರಲಿಲ್ಲ. ಮುಡಿಯ ಬದಲಿಗೆ ತಂದಿದ್ದ ಬಾಸ್ಮತಿ ಚೀಲ ಕೋಣೆಯ ನಡುವೆ ಇತ್ತು, ಅವನು ಅದರ ಸುತ್ತ ಸುತ್ತುತ್ತಿದ್ದ. ಗೇಟಿಗೆ ಮತ್ತೆ ಬಡಿದರು, ಈ ಸಲ ಜೋರಾಗಿ.

ಡ್ರೈವರ್ ನನ್ನ ಭುಜ ಮುಟ್ಟಿದ. "ನಿಲ್ಲಿಸ್ಬೇಡಿ ಅಂತ ಫೋರ್‌ಮನ್ ಅಣ್ಣನಿಗೆ ಹೇಳಿ ಸಾರ್. ಮುಗಿಸ್ಲಿ." ಬರಿಗಾಲಿನಲ್ಲೇ ಹೊರಗೆ ಹೋಗಿ ಮುಂಬಾಗಿಲನ್ನು ತನ್ನ ಹಿಂದೆ ಎಳೆದುಕೊಂಡ. ಗೇಟು ತೆರೆದದ್ದು, ಅವನ ಅರಬಿ ಮಾತು, ಯಾರೋ ಗಂಭೀರವಾಗಿ ಏನೋ ಕೇಳಿದ್ದು, ಗೇಟು ಮುಚ್ಚಿದ್ದು ಕೇಳಿಸಿತು.

ಹುಲಿ ಬಗ್ಗಿ ಚೀಲದ ತುದಿಯನ್ನು ಹಲ್ಲಿನಿಂದ ಹಿಡಿಯಿತು. ಕೊರಳ ನರಗಳು ಉಬ್ಬಿದವು. ಎತ್ತಿ ತಲೆಯ ಮೇಲಿಂದ ಹಿಂದಕ್ಕೆ ಎಸೆದಾಗ ಚೀಲ ಒಡೆದು ಅಕ್ಕಿ ಕಾರ್ಪೆಟ್ಟಿನ ತುಂಬ ಚೆಲ್ಲಿತು. ತಾಸೆ ನಿಂತಿತು. ಯಾರೋ ಏಸಿ ಆರಿಸಿದರು. ಆಗಲೇ ಬಾಂಗು ಕೇಳಿಸಿದ್ದು.

ಬಾಗಿಲು ಈಗ ತೆರೆಯುತ್ತದೆ, ಈಗ ತೆರೆಯುತ್ತದೆ ಎಂದು ಕಾದು ಕೂತೆವು. ಒಳಗೆ ಯಾರೂ ಬರಲಿಲ್ಲ. ಕತ್ತಲಾದ ಮೇಲೆ ಫೋರ್‌ಮನ್ ಹೊರಗೆ ಹೋಗಿ ಬಂದರು. ಬೀದಿ ಖಾಲಿ ಇದೆ, ಗಾಡಿ ಬಕಾಲಾದ ಮುಂದೆಯೇ ಇದೆ, ಅವನಿಲ್ಲ ಎಂದರು. ಅಕ್ಕಿ ಚೀಲದಿಂದ ಒಬ್ಬೊಬ್ಬರಾಗಿ ಚಪ್ಪಲಿ ತೆಗೆದುಕೊಂಡೆವು. ಕಡೆಗೆ ಒಂದು ಜೊತೆ ಉಳಿಯಿತು.

ಮನೆಯಲ್ಲಿ ತಾನೊಬ್ಬನೇ ಇದ್ದೆ, ಮದುವೆಯ ವೀಡಿಯೊ ಕ್ಯಾಸೆಟ್ ಜೋರಾಗಿ ಹಾಕಿದ್ದೆ ಎಂದು ಡ್ರೈವರ್ ಪೊಲೀಸರಿಗೆ ಹೇಳಿದನಂತೆ. ಸದ್ದಿನ ವಿಷಯ ಅಲ್ಲಿಗೇ ಮುಗಿಯಿತು. ಆದರೆ ಬಂದವರು ಇಕಾಮಾ ಕೇಳಿದರು, ತಿರುಗಿಸಿ ನೋಡಿದರು. ಕೆಲವೇ ದಿನಗಳಲ್ಲಿ ಅವನನ್ನು ಊರಿಗೆ ಕಳಿಸಿದರು. ನಮ್ಮನ್ನು ಕೇಳಿಕೊಂಡು ಯಾರೂ ಬರಲಿಲ್ಲ. ಆದರೂ ಎಷ್ಟೋ ತಿಂಗಳು ನಮ್ಮ ಗೇಟಿನ ಹತ್ತಿರ ಗಾಡಿ ನಿಂತರೆ ನಾನು ಅನ್ನದ ತಟ್ಟೆ ಬಿಟ್ಟು ಏಳುತ್ತಿದ್ದೆ. ಮಗುವಿನ ಜ್ವರ ಇಳಿಯಿತು. ಹುಲಿಯಿಂದಲೋ ಔಷಧಿಯಿಂದಲೋ, ಆ ವಾದವನ್ನು ನಾನು ಮತ್ತೆ ಎತ್ತಲಿಲ್ಲ.

ಮುಂದಿನ ಬೇಸಿಗೆಯಲ್ಲಿ ಪೈಪ್ ಫಿಟ್ಟರಿಗೆ ರಜೆ ಸಿಕ್ಕಿತು. ಆ ಚಪ್ಪಲಿ ಜೊತೆಯನ್ನು ಪೇಪರಿನಲ್ಲಿ ಸುತ್ತಿಕೊಂಡು ಹೋದ. ಬಂದ ಮೇಲೆ ನನ್ನ ಕೋಣೆಗೆ ಬಂದು ಹೇಳಿದ. ಡ್ರೈವರ್ ಈಗ ಬಂಟ್ವಾಳದಲ್ಲಿ ಬಾಡಿಗೆ ರಿಕ್ಷಾ ಓಡಿಸುತ್ತಾನೆ. ಇವನನ್ನು ಕಂಡೊಡನೆ ಮೊದಲು ಮಗುವಿನ ಜ್ವರದ ಬಗ್ಗೆ ಕೇಳಿದನಂತೆ. ನಮ್ಮ ಯಾರ ಇಕಾಮಾದಲ್ಲೂ ತೊಂದರೆ ಇರಲಿಲ್ಲವಲ್ಲ, ನೀನೇ ಏಕೆ ಹೋದೆ ಎಂದು ಇವನು ಕೇಳಿದ್ದಕ್ಕೆ, "ಊದು ಹಾಕಿದ್ದು ನಾನಲ್ವಾ," ಎಂದನಂತೆ. ಆಮೇಲೆ ಅವನೇ ಕೇಳಿದನಂತೆ: "ಒಂದು ಮಾತ್ರ ಗೊತ್ತಾಗ್ಲಿಲ್ಲ ಮಾರಾಯ. ಕಡೆಗೆ ಅಕ್ಕಿ ಎತ್ತಿದೆಯಾ?"

"ನೀನೇನು ಹೇಳಿದೆ?" ಎಂದೆ.

"ಹೇಳ್ಲಿಲ್ಲ ಸಾರ್. ಅವರ ಮನೆಯಿಂದಲೇ ಒಂದು ಮುಡಿ ಅಕ್ಕಿ ತರಿಸಿ, ಅಂಗಳದಲ್ಲಿ ಎತ್ತಿ ತೋರಿಸಿದೆ. ತಾಸೆ ಇರ್ಲಿಲ್ಲ. ಅವನು ಕಣ್ಣು ಬಿಟ್ಟುಕೊಂಡೇ ನೋಡಿದ."