ಉಪ್ಪಿನಕಾಯಿಗೆ ಕಾವಲು ನಿಂತ ಬರಿಗೈ

ಬೆಳಕು ಇನ್ನೂ ಸರಿಯಾಗಿ ಹರಿದಿಲ್ಲ. ಶಿರಸಿಯಿಂದ ಬನವಾಸಿಗೆ ಹೋಗುವ ರಸ್ತೆಯ ಬದಿಯಲ್ಲಿರುವ ಉಪ್ಪಿನಕಾಯಿ ಘಟಕದ ಬಾಗಿಲಲ್ಲಿ ಮಹೇಶ್ವರಿ ನಿಂತಿದ್ದಾರೆ. ನನ್ನ ಕೈಗಡಿಯಾರ, ಜೇಬಿನ ಪೆನ್ನು ಆಗಲೇ ಅವರ ವಶವಾಗಿವೆ. ಅಂಗಿಯ ಗುಂಡಿಯೊಂದು ನೂಲಿಗೆ ನೇತಾಡುತ್ತಿರುವುದು ಕಣ್ಣಿಗೆ ಬಿದ್ದದ್ದೇ ತಡ, ಕತ್ತರಿ ತಂದು ಕತ್ತರಿಸಿ ನನ್ನ ಕೈಗಿಡುತ್ತಾರೆ. ಪತ್ರಿಕೆಗೆ ಬರೆಯಲು ಬಂದವರು ಪೆನ್ನಿಲ್ಲದೆ ಏನು ಮಾಡಬೇಕು ಎಂದು ಕೇಳಿದರೆ, ನೆನಪಿಟ್ಟುಕೊಳ್ಳಬೇಕು ಎನ್ನುತ್ತಾರೆ. ನಗುವುದಿಲ್ಲ.

ಕೆಲಸದ ಹೆಂಗಸರು ಒಬ್ಬೊಬ್ಬರಾಗಿ ಬಂದು ಗಾಜಿನ ಬಳೆ ಕಳಚಿ, ತಮ್ಮ ತಮ್ಮ ಹೆಸರಿನ ಸ್ಟೀಲ್ ಡಬ್ಬಿಗೆ ಹಾಕಿ ಕೈ ಚಾಚುತ್ತಾರೆ. ಮಹೇಶ್ವರಿ ಉಗುರು ನೋಡುತ್ತಾರೆ, ಮೊಣಕೈವರೆಗೂ ತಿರುಗಿಸಿ ಗಾಯ ಹುಡುಕುತ್ತಾರೆ. ಒಬ್ಬಾಕೆಯ ಹೆಬ್ಬೆರಳಲ್ಲಿ ಕೀವಾಗಿದೆ. ಆಕೆಗೆ ಈ ಹೊತ್ತು ಒಳಗೆ ಕೆಲಸವಿಲ್ಲ, ಹೊರಗೆ ಕೂತು ಲೇಬಲ್ ಅಂಟಿಸಬೇಕು. ಮುಖ ಊದಿಸಿಕೊಂಡು ಹೋದವಳನ್ನು ಮಹೇಶ್ವರಿ ಕರೆಯುವುದೂ ಇಲ್ಲ, ಸಮಾಧಾನ ಮಾಡುವುದೂ ಇಲ್ಲ.

ಮುತ್ತೈದೆಯ ಕೈಯಿಂದ ಬಳೆ ತೆಗೆಸುವುದೆಂದರೆ ಈ ಸೀಮೆಯಲ್ಲಿ ಹುಡುಗಾಟವಲ್ಲ. ಗಂಡನ ಆಯುಷ್ಯವನ್ನೂ ಆ ಗಾಜನ್ನೂ ಒಂದೇ ಗಂಟಿನಲ್ಲಿ ಕಟ್ಟಿಟ್ಟ ಊರುಗಳಿವು. ಬಳೆ ಒಡೆಯಿತು ಎಂದು ಬಾಯಿಬಿಟ್ಟು ಹೇಳುವುದೂ ಇಲ್ಲಿ ಅಪಶಕುನವೇ. ಹಾಗಿರುವಾಗ ಇಷ್ಟು ಜನರ ಕೈ ಬರಿದಾದದ್ದು ಹೇಗೆ ಎಂದು ಕೇಳಿದರೆ ಮಹೇಶ್ವರಿ ಸಂಘದ ಕಥೆಯಿಂದಲೇ ಶುರುಮಾಡುತ್ತಾರೆ.

ಘಟಕ ನಡೆಸುತ್ತಿರುವ ಹೆಂಗಸರ ಸಂಘ ಹುಟ್ಟಿದ್ದು ಅವರ ಅತ್ತೆ ನೀಲಗಂಗವ್ವನ ಪಡಸಾಲೆಯಲ್ಲಿ. ಸಿದ್ದಾಪುರ, ಯಲ್ಲಾಪುರದ ಕಡೆಯ ಹಳ್ಳದಂಚಿನ ಮರಗಳಿಂದ ಅಪ್ಪೆಮಿಡಿ, ಅಂದರೆ ಎಳೆಯ ಮಾವಿನಕಾಯಿ, ಬರುತ್ತದೆ. ಮರದಿಂದ ಕೆಳಗೆ ಬಿದ್ದ ಮಿಡಿ ಬೇಡ, ಬುಟ್ಟಿಯಲ್ಲಿ ಇಳಿಸಿದ್ದೇ ಬೇಕು. ವ್ಯಾಪಾರ ಬೆಳೆದ ಮೇಲೆ ಶಿರಸಿಯಲ್ಲಿ ತರಬೇತಿಯಾಯಿತು. ಮಿಡಿ ಬಂದಲ್ಲಿಂದ ಬಾಟಲಿ ಮುಚ್ಚುವವರೆಗೆ ಎಲ್ಲೆಲ್ಲಿ ಏನೇನು ಕೆಡಬಹುದು ಎಂದು ಮೊದಲೇ ಯೋಚಿಸಿ, ಅಲ್ಲಲ್ಲೇ ತಡೆಯಬೇಕು, ಅದಕ್ಕೊಬ್ಬರು ಹೊಣೆಗಾರರಿರಬೇಕು ಎಂದು ಅಲ್ಲಿ ಹೇಳಿಕೊಟ್ಟರು. ಹೊಣೆ ಅಂದರೆ ನೆರೆಹೊರೆಯವರಿಗೆ ದಿನಾ ‘ಇಲ್ಲ’ ಅನ್ನುವ ಕೆಲಸ. ಯಾರಿಗೆ ಬೇಕು? ಕೊನೆಗೆ ಅದು ಯಾರಿಗೂ ಇಲ್ಲ ಅನ್ನಲಾಗದ ಸೊಸೆ ಮಹೇಶ್ವರಿಯ ಕೊರಳಿಗೇ ಬಿತ್ತು.

ಎಲ್ಲಕ್ಕಿಂತ ಅವರಿಗೆ ಹೆದರಿಕೆ ಹುಟ್ಟಿಸಿದ್ದು ಗಾಜು. “ಮಿಡಿ ಕೊಳತಿದ್ರ ಮೂಗಿಗೆ ಗೊತ್ತಾಗತೈತಿ. ಉಪ್ಪು ಕಮ್ಮಿ ಆದ್ರ ನಾಲಿಗಿಗೆ ಗೊತ್ತಾಗತೈತಿ. ಮೊಳಿ ಬಿದ್ರ ಅಯಸ್ಕಾಂತ ಹಿಡೀತೈತಿ. ಗಾಜಿಗೆ ಏನೈತ್ರಿ? ಉಣ್ಣಾವರ ಬಾಯಾಗ ಸಿಕ್ಕಾಗಲೇ ಗೊತ್ತಾಗೂದು” ಎನ್ನುತ್ತಾರೆ. ಉಣ್ಣುವ ಆ ಬಾಯಿ ಪರವೂರಿನ ಯಾವುದೋ ಮಗುವಿನದ್ದೂ ಆಗಿರಬಹುದು.

ಮೊದಲು ಬಳೆ ತೆಗೆಯಿರಿ ಎಂದಾಗ ಸಂಘವೇ ಎದ್ದು ನಿಂತಿತ್ತು. ಹಾವೂ ಸಾಯಬಾರದು, ಕೋಲೂ ಮುರಿಯಬಾರದು ಎಂದು ಒಂದು ಒಪ್ಪಂದವಾಯಿತು. ಬಳೆಯ ಮೇಲೆ ಬಟ್ಟೆಯ ತೋಳುಚೀಲ ಹಾಕಿಕೊಳ್ಳುವುದು, ಒಳಗೆ ಹೋಗುವಾಗ, ಹೊರಗೆ ಬರುವಾಗ ಮಹೇಶ್ವರಿ ಬಳೆ ಎಣಿಸುವುದು. ಹೀಗೆ ಒಂದಷ್ಟು ಕಾಲ ಚೆನ್ನಾಗಿಯೇ ನಡೆಯಿತು.

ಹೋದ ವರ್ಷ ಮೇ ತಿಂಗಳು. ಹಂಗಾಮಿನ ಕೊನೆಯ ಮಿಡಿಗೆ ಖಾರ ಕಲಸುವ ದಿನ. ನೀಲಗಂಗವ್ವನ ಗಂಡ ಚನ್ನಯ್ಯನವರು ಹುಬ್ಬಳ್ಳಿಯ ಆಸ್ಪತ್ರೆಯಲ್ಲಿದ್ದರು, ಮರುದಿನ ಬೆಳಿಗ್ಗೆ ಹೃದಯದ ಶಸ್ತ್ರಚಿಕಿತ್ಸೆ. ಮಗ, ಅಂದರೆ ಮಹೇಶ್ವರಿಯ ಗಂಡ ಗಿರೀಶ, ತಂದೆಯ ಜೊತೆಗಿದ್ದ. ಈ ಕೆಲಸ ಮುಗಿಸಿ ನೀಲಗಂಗವ್ವ ಸಂಜೆ ಬಸ್ಸಿಗೆ ಹೊರಡುವವರು. ಬಾಟಲಿಗಳು ತೊಳೆದು ಒಣಗಿ ಸಾಲಾಗಿ ನಿಂತಿದ್ದವು, ಸರಕು ಒಯ್ಯುವ ವ್ಯಾನೂ ಬಂದಿತ್ತು. ಕಲಸಿ ಮುಗಿಸಿ ಹೆಂಗಸರು ಹೊರಗೆ ಬಂದರು. ಮಹೇಶ್ವರಿ ಎಣಿಸುತ್ತ ಅತ್ತೆಯ ಕೈಗೆ ಬಂದವರು ಮತ್ತೊಮ್ಮೆ ಎಣಿಸಿದರು. ಎಡಗೈಯ ತೋಳುಚೀಲ ಮೇಲಕ್ಕೆ ಸರಿದಿತ್ತು. ಒಂದು ಹಸಿರು ಬಳೆ ಇರಲಿಲ್ಲ.

“ಅತ್ತಿ, ಒಂದು ಬಳಿ ಕಮ್ಮಿ ಐತಿ.”

ಸೆಕೆಗೆ ತೋಳುಚೀಲ ಸರಿಸಿಕೊಂಡಿದ್ದರು ನೀಲಗಂಗವ್ವ, ಪಾತ್ರೆಯ ಅಂಚಿಗೆ ಕೈ ತಾಗಿತ್ತು. ಬಳೆ ಹೋದದ್ದು ಅವರಿಗೆ ಗೊತ್ತಿತ್ತು. ಗಂಡ ಆಸ್ಪತ್ರೆಯಲ್ಲಿ ಮಲಗಿರುವಾಗ ಅಂಥ ಮಾತನ್ನು ಯಾವ ಬಾಯಿಂದ ಆಡುವುದು? ಕೈಗೆ ಸಿಕ್ಕ ಚೂರುಗಳನ್ನು ಆರಿಸಿ ಯಾರಿಗೂ ಕಾಣದಂತೆ ಸೊಂಟಕ್ಕೆ ಸಿಕ್ಕಿಸಿಕೊಂಡಿದ್ದರು. ಈಗ ಅವನ್ನು ತೆಗೆದು ಸೊಸೆಯ ಕೈಗೆ ಸುರಿದರು.

ಮಹೇಶ್ವರಿ ನೆಲಕ್ಕೆ ಕೂತು ಸ್ಟೀಲ್ ತಾಟಿನ ಮೇಲೆ ಚೂರುಗಳನ್ನು ಒಂದಕ್ಕೊಂದು ಹೊಂದಿಸತೊಡಗಿದರು. ಗಂಡನ ಉಳಿವಿಗೆ ಕೈಮುಗಿದು ನಿಂತ ಹೆಂಗಸಿನ ಎದುರಲ್ಲೇ ಅವಳ ಒಡೆದ ಬಳೆ ಕೂಡಿಸುವುದು! ನೀಲಗಂಗವ್ವ ಅಂದದ್ದು ಒಂದೇ ಮಾತು: “ನಿಮ್ಮ ಮಾವ ಅಲ್ಲಿ ಮಲಗ್ಯಾರ. ನೀ ಇಲ್ಲಿ ನನ್ನ ಬಳಿ ಜೋಡಸಾಕ ಕುಂತೀಯಲ್ಲವಾ.”

ಬಳೆ ದುಂಡಗಾಯಿತು, ಆದರೆ ಪೂರ್ತಿಯಾಗಲಿಲ್ಲ. ಒಂದು ಅಕ್ಕಿಕಾಳಿನಷ್ಟು ಜಾಗ ಖಾಲಿ ಉಳಿಯಿತು.

ನೆಲ ಗುಡಿಸಿದರು, ಮೋರಿಯ ಜಾಲರಿ ಎತ್ತಿದರು, ತೋಳುಚೀಲ ಒಳಗು ಹೊರಗು ಮಾಡಿ ಕೊಡವಿದರು. ಸಿಗಲಿಲ್ಲ. ಸಾಸಿವೆ, ಮೆಣಸಿನ ಪುಡಿಯ ಆ ದಪ್ಪ ಖಾರದಲ್ಲಿ ಹುಡುಕುವುದು ಆಗದ ಮಾತು. ಎಲ್ಲೋ ಹೊರಗೆ ಬಿದ್ದಿರಬೇಕು, ಇಷ್ಟಕ್ಕೆಲ್ಲ ಹೆದರಿದರೆ ಹೇಗೆ ಎಂದರು ಹಲವರು. ವ್ಯಾನಿನವನು ಹಾರ್ನ್ ಮಾಡುತ್ತಿದ್ದ. ಮಿಡಿ ಮತ್ತೆ ಸಿಗುವುದು ಮುಂದಿನ ವರ್ಷವೇ. ಎಲ್ಲರ ದುಡಿಮೆ ಆ ಪಾತ್ರೆಯಲ್ಲಿತ್ತು. ಮಹೇಶ್ವರಿ ವ್ಯಾನಿನವನಿಗೆ ಹೋಗು ಎಂದರು. ಹಿತ್ತಲಲ್ಲಿ ಗುಂಡಿ ತೋಡಿಸಿ ಅಷ್ಟನ್ನೂ ಹುಗಿಸಿದರು. ಒಂದು ಬಾಟಲಿಯನ್ನೂ ತುಂಬಲು ಬಿಡಲಿಲ್ಲ.

ನೀಲಗಂಗವ್ವ ಮುಖ ತಿರುಗಿಸಿಕೊಂಡು ಬಸ್ಸು ಹತ್ತಿದರು. ಆ ರಾತ್ರಿ ನಿದ್ದೆಯಿಲ್ಲ ಎನ್ನುತ್ತಾರೆ ಮಹೇಶ್ವರಿ. “ಮಾವನೋರಿಗೆ ಏನಾರ ಆಗಿದ್ರ ನಾ ಈ ಮನ್ಯಾಗ ಇರ್ತಿದ್ದಿಲ್ರಿ. ಯಾರೂ ಹೊರಗ ಹಾಕ್ತಿದ್ದಿಲ್ಲ. ನನಗs ಇರಾಕ ಆಗ್ತಿದ್ದಿಲ್ಲ.”

ಚನ್ನಯ್ಯನವರು ಉಳಿದರು. ಆದರೆ ಮಹೇಶ್ವರಿ ಮರುದಿನವೇ, ಹುಬ್ಬಳ್ಳಿಯಿಂದ ಸುದ್ದಿ ಬರುವುದಕ್ಕೂ ಮೊದಲು, ನಿಂಬೆ ಉಪ್ಪಿನಕಾಯಿಯ ಕೆಲಸಕ್ಕೆಂದು ತೆರೆದ ಘಟಕದ ಬಾಗಿಲಲ್ಲಿ ತಮ್ಮ ಕೈಯ ಬಳೆಗಳನ್ನು ಕಳಚಿಟ್ಟಿದ್ದರು. ನಾನೇ ಹಾಕಿಕೊಂಡು ನಿಂತು ಬೇರೆಯವರಿಗೆ ತೆಗಿ ಅನ್ನುವುದು ಹೇಗೆ ಎಂಬುದು ಅವರ ಲೆಕ್ಕ. ಗಂಡ ಇರುವಾಗಲೇ ಬರಿಗೈ ಮಾಡಿಕೊಂಡಳು ಎಂದು ಊರು ಆಡಿಕೊಂಡಿತು. ನೀರಿನ ನಲ್ಲಿಯ ಹತ್ತಿರ ಹೆಂಗಸರು ಸರಿದು ನಿಂತರು. ಗಿರೀಶ ಮಾತ್ರ, ಮನೆಗೆ ಬಂದ ಮೇಲೆ ಹಾಕಿಕೋ, ಅವ್ವ ನೊಂದುಕೊಳ್ಳುತ್ತಾಳೆ ಎಂದನಂತೆ. ಒಬ್ಬೊಬ್ಬರಾಗಿ ಉಳಿದವರೂ ಬಳೆ ಕಳಚಲು ಮಳೆಗಾಲ ಕಳೆಯಬೇಕಾಯಿತು. ಅಲ್ಲಿಯವರೆಗೂ ಅತ್ತೆ ಸೊಸೆಯರ ನಡುವೆ ಬೇಕಾದಷ್ಟೇ ಮಾತು.

ಅತ್ತೆಗೊಂದು ಕಾಲ, ಸೊಸೆಗೊಂದು ಕಾಲ ಎಂಬ ಗಾದೆ ನನ್ನ ನಾಲಿಗೆಯ ತುದಿಗೆ ಬರುತ್ತದೆ. ಆದರೆ ನೀಲಗಂಗವ್ವ ಅಲ್ಲೇ ಹೊರಗಿನ ಕಟ್ಟೆಯ ಮೇಲೆ, ಕೈತುಂಬ ಬಳೆಯಿಟ್ಟುಕೊಂಡು, ಮೊರದಲ್ಲಿ ಸಾಸಿವೆ ಆರಿಸುತ್ತ ಕೂತಿದ್ದಾರೆ. ಕಲಸುವ ಕೋಣೆಗೆ ಅವರು ಈಗ ಹೋಗುವುದಿಲ್ಲ. ಇಷ್ಟು ಹೊತ್ತೂ ನಮ್ಮ ಮಾತು ಅವರ ಕಿವಿಗೆ ಬೀಳುತ್ತಲೇ ಇತ್ತು. ಸೊಸೆಯ ಮೇಲೆ ಇನ್ನೂ ಸಿಟ್ಟಿದೆಯೇ ಎಂದು ಕೇಳುತ್ತೇನೆ.

ಅವರು ಮೊರ ಕೆಳಗಿಡುತ್ತಾರೆ. “ಆ ಚೂರು ನನಗ ಸಿಕ್ಕಿತ್ತು” ಎನ್ನುತ್ತಾರೆ.

ಬಾಗಿಲಲ್ಲಿದ್ದ ಮಹೇಶ್ವರಿ ತಿರುಗಿ ನೋಡುತ್ತಾರೆ.

ಆಸ್ಪತ್ರೆಯಲ್ಲಿ ಸೀರೆ ಬಿಚ್ಚಿ ಉಡುವಾಗ ನೆರಿಗೆಯಲ್ಲಿ ಏನೋ ಚುಚ್ಚಿತಂತೆ. ನೋಡಿದರೆ ಸೊಂಟದಿಂದ ಜಾರಿದ್ದ ಅದೇ ಹಸಿರು ಚೂರು. ಖಾರದ ಪಾತ್ರೆಗೆ ಅದು ಬಿದ್ದೇ ಇರಲಿಲ್ಲ. ಸೊಸೆಯ ಮುಖಕ್ಕೇ ಎಸೆಯಬೇಕೆಂದು ಸೆರಗಿಗೆ ಕಟ್ಟಿಕೊಂಡು ಊರಿಗೆ ಬಂದರು, ನೆಟ್ಟಗೆ ಘಟಕಕ್ಕೆ ನಡೆದರು. “ಬಾಗಲದಾಗ ಈಕಿ ಬರಿಗೈಲೆ ನಿಂತಿದ್ಲು. ಮಂದಿ ಮಕ ನೋಡದs ಹೊಂಟಿತ್ತು. ನನ್ನ ಕಾಲು ಮುಂದಕ್ಕ ಹೋಗಲಿಲ್ಲ. ಈಗ ಇದನ್ನ ತೋರಿಸಿದ್ರ, ಮುಂದಿನ ಸಲ ಖರೇನs ಬಿದ್ದಾಗ ಈಕಿ ಹಿಂದ ಮುಂದ ನೋಡ್ತಾಳ ಅನಿಸ್ತು. ಹಿತ್ತಲದಾಗ ಅದs ತಗ್ಗಿನ್ಯಾಗ ಹುಗಿದು ಬಂದೆ.” ಇದನ್ನು ಪತ್ರಿಕೆಯಲ್ಲಿ ಬರೆಯಬಹುದೇ ಎಂದರೆ, ಬರೆಯಿರಿ, ಈಗ ಅವಳು ಹಿಂಜರಿಯುವವಳಲ್ಲ ಎನ್ನುತ್ತಾರೆ.

ನಾನು ಮಹೇಶ್ವರಿಯ ಮುಖ ನೋಡುತ್ತೇನೆ. ಹುಗಿದದ್ದೆಲ್ಲ ಒಳ್ಳೆಯ ಉಪ್ಪಿನಕಾಯಿ. ಊರಿನ ಮಾತು, ಮನೆಯ ಮೌನ, ಎಲ್ಲ ಸಹಿಸಿದ್ದು ಏನೂ ಕೆಡದ ಒಂದು ಪಾತ್ರೆಗಾಗಿ. ಅವರ ಕಣ್ಣು ತುಂಬಿದೆ. ಅತ್ತೆಯ ಹತ್ತಿರ ಬಂದು, ಬಳೆ ತುಂಬಿದ ಆ ಕೈಯನ್ನು ಎರಡೂ ಕೈಯಲ್ಲಿ ಹಿಡಿಯುತ್ತಾರೆ.

“ಅವತ್ತs ಸಿಕ್ಕಿದ್ರ ಬಾಟ್ಲಿ ತುಂಬಸ್ತಿದ್ದೆ, ಅತ್ತಿ. ಸಿಗಲಿಲ್ಲ, ಹುಗಸಿದೆ. ಇವತ್ತು ಹಂಗs ಆದ್ರ ಇವತ್ತೂ ಹುಗಸ್ತೀನಿ.”