ಉಣ್ಣೀರಿ ಹಿಡಿದ ಹೊಳೆದಾರಿ

ಉಣ್ಣೀರಿಗೆ ಹೆದರಿಕೆ ಹುಟ್ಟಿನಿಂದಲೇ ಬಂದದ್ದು. ಇಪ್ಪತ್ತೆರಡು ವರ್ಷ ಲಾರಿ ಓಡಿಸಿಯೂ ಸೇತುವೆ ಎದುರಾದರೆ ಹಾರ್ನ್ ಹೊಡೆದು, ಗುರುವಾಯೂರಪ್ಪನನ್ನು ನೆನೆದು, ಆಮೇಲೆ ಗೇರ್ ಬದಲಿಸುವ ಆಸಾಮಿ. ಅಂಥವನು ಕಳ್ಳಮರಳಿನ ಕೇಸಿನಲ್ಲಿ ಸಿಕ್ಕಿಬಿದ್ದ ಎಂದಾಗ ನಮ್ಮೂರಲ್ಲಿ ನಕ್ಕವರೇ ಹೆಚ್ಚು. ನಾನು ನಗಲಿಲ್ಲ. ಎರ್ನಾಕುಳಂನ ವಕೀಲೆ ವಿಲಾಸಿನಿಯವರ ಗುಮಾಸ್ತ ನಾನು. ಠಾಣೆಯ ಹಿತ್ತಲಲ್ಲಿ ಹಿಡಿದಿಟ್ಟ ಲಾರಿಗಳ ಮೇಲೆ ಬಳ್ಳಿ ಹಬ್ಬುವುದನ್ನು ಕಂಡವನು. ಉಣ್ಣೀರಿಗೆ ಇದ್ದದ್ದು ಆ ಒಂದೇ ಲಾರಿ.

ಆದದ್ದಿಷ್ಟು. ನಿಳಾ ನದಿಯ ಕಡವಿನಲ್ಲಿ, ಮರಳು ತೆಗೆಯುವ ದಂಡೆಯಲ್ಲಿ, ಸಾಗಣೆಯ ಪಾಸು ತೆಗೆದುಕೊಂಡೇ ಅವನು ಮರಳು ತುಂಬಿದ್ದ. ಊರ ಜಂಕ್ಷನ್ ಹಾದು ಹೋಗಬೇಕೆಂದು ಪಾಸಿನಲ್ಲಿ ಬರೆದಿತ್ತು. ಆದರೆ ಜಂಕ್ಷನ್ನಿನಲ್ಲಿ ಹೊರೆಯಾಳುಗಳ ಯೂನಿಯನ್ನಿನ ಮುಖಂಡ ಚಾಮಿ ಕೂತಿರುತ್ತಾನೆ; ಊರಿಗೆಲ್ಲ ಅವನು ಚಾಮಿಯೇಟ್ಟ, ಅಂದರೆ ಚಾಮಿಯಣ್ಣ. ಲಾರಿ ತಾನೇ ಬೆನ್ನೆತ್ತಿ ಮರಳು ಸುರಿದರೂ, ಆಳುಗಳು ನೋಡುತ್ತ ನಿಂತದ್ದಕ್ಕೆ ಕೂಲಿ ಕೊಡಬೇಕು. ನೋಟದ ಕೂಲಿ ಎಂದೇ ಅದಕ್ಕೆ ಹೆಸರು. ಕಾನೂನು ಬೇಡವೆಂದರೂ ನಡೆದುಕೊಂಡು ಬಂದಿದೆ. ಆ ಬೆಳಿಗ್ಗೆ ಚಾಮಿಯ ಕಣ್ಣು ತಪ್ಪಿಸಲು ಉಣ್ಣೀರಿ ಹೊಳೆದಂಡೆಯ ದಾರಿ ಹಿಡಿದ. ಅಲ್ಲಿ ತಪಾಸಣೆಯವರು ಕಾದಿದ್ದರು; ಲಾರಿ ಠಾಣೆ ಸೇರಿತು.

ಪಾಸಿನ ದಾರಿ ಬಿಟ್ಟದ್ದೇಕೆಂದು ನೋಟಿಸು ಬಂದಾಗ ಮಹಾರಾಯ ಬರೆದುಕೊಟ್ಟದ್ದು ಏನು ಗೊತ್ತೇ? "ದಾರಿ ತಪ್ಪಿತು." ಹುಟ್ಟಿದೂರಿನಲ್ಲಿ! ಲಾರಿ ಸರ್ಕಾರಕ್ಕೆ ಮುಟ್ಟುಗೋಲು ಎಂದು ಕಲೆಕ್ಟರರ ಆದೇಶ ಬಂತು. ಅದರ ವಿರುದ್ಧ ಹೈಕೋರ್ಟಿಗೆ ಹೋಗೋಣವೆಂದು ಗಂಡಹೆಂಡಿರನ್ನು ನಾನೇ ಕರೆತಂದೆ.

"ನಿಜ ಹೇಳಪ್ಪಾ, ಆ ದಾರಿ ಯಾಕೆ ಹಿಡಿದೆ?" ವಿಲಾಸಿನಿಯವರು ಕೇಳಿದರು.

ಎಲ್ಲ ಹೇಳಿದ ಮೇಲೆ ಉಣ್ಣೀರಿ ಬೆವರತೊಡಗಿದ. "ಚಾಮಿಯೇಟ್ಟನ ಹೆಸರು ಮಾತ್ರ ಬರೀಬೇಡಿ ಮೇಡಂ. ನಾಳೆ ಅದೇ ಜಂಕ್ಷನ್ನಲ್ಲಿ ನಾನು ಓಡಾಡ್ಬೇಕು."

"ಲಾರಿ ಬೇಕೋ, ಚಾಮಿ ಬೇಕೋ?" ಎಂದೆ ನಾನು. ಗುಮಾಸ್ತರಿಗೆ ಇಂಥ ಮಾತು ಬೇಗ ಬರುತ್ತದೆ.

ಅವನ ಹೆಂಡತಿ ಪಂಕಜಾಕ್ಷಿ ರೇಗಿದಳು. "ನೀವು ಬರೀರಿ ಅಣ್ಣಾ. ಇವ್ರಿಗೆ ತಮ್ಮ ನೆರಳು ಕಂಡ್ರೂ ಭಯ. ಲಾರಿ ಹೋದ್ರೆ ಗಂಜಿ ಏನು ಚಾಮಿ ಕಾಯಿಸ್ಕೊಡ್ತಾನಾ?"

ನಾನು ಅರ್ಜಿ ಬರೆದೆ, ಚಾಮಿಯ ಹೆಸರು ಸಮೇತ. ಉಣ್ಣೀರಿ ಗುರುವಾಯೂರಪ್ಪನನ್ನು ನೆನೆದು, ಆಮೇಲೆ ಸಹಿ ಹಾಕಿದ.

ವಿಚಾರಣೆಯ ದಿನ ನ್ಯಾಯಾಧೀಶರು ಕಲೆಕ್ಟರರ ಆದೇಶವನ್ನಷ್ಟೇ ತಿರುವಿ ನೋಡಿದರು. "ಪಾಸು ಇತ್ತು ಅಂತಾನೆ. ಇದರಲ್ಲಿ ಪಾಸಿನ ಮಾತೇ ಇಲ್ವಲ್ಲ?" ಸರ್ಕಾರಿ ವಕೀಲರು ಕಡತವನ್ನು ಮತ್ತೆ ಮೊದಲಿಂದ ತಿರುವತೊಡಗಿದರು. ಪಾಸನ್ನು ಪರಿಶೀಲಿಸದ ಆದೇಶ ನಿಲ್ಲುವುದಿಲ್ಲ, ಲಾರಿ ಬಿಡಿ ಎಂದು ಹತ್ತೇ ನಿಮಿಷದಲ್ಲಿ ತೀರ್ಪಾಯಿತು. ಯಾವ ದಾರಿ, ಏಕೆ ಎಂದು ಯಾರೂ ಕೇಳಲಿಲ್ಲ. ನಾನು ಬರೆದ ಆ ಪ್ಯಾರಾ ಬೇಕೇ ಇರಲಿಲ್ಲ. ಆದರೆ ಮೂರನೆಯ ದಿನ ಅದೇ ಪ್ಯಾರಾ ಚಾಮಿಯ ಹೆಸರಿನ ಸಮೇತ ಪತ್ರಿಕೆಯ ಊರಪುಟದಲ್ಲಿ ಬಂತು. ಓದಿ, ಪತ್ರಿಕೆ ಮಡಿಸಿ ಕಡತದ ಕೆಳಗೆ ತಳ್ಳಿದೆ.

ಲಾರಿ ಬಿಡಿಸಿಕೊಳ್ಳಲು ಅವನ ಜೊತೆ ಹೋದೆ. ಎಂಜಿನ್ ಶುರುವಾದರೂ ಅವನ ಮುಖ ಬಿಳಿಚಿಯೇ ಇತ್ತು. ಅಂಗಿಯ ಜೇಬಿನಲ್ಲಿ ಮಡಿಸಿಟ್ಟ ನೋಟುಗಳನ್ನು ಮುಟ್ಟಿ ಮುಟ್ಟಿ ನೋಡುತ್ತಿದ್ದ. "ಅವತ್ತಿನ ಕೂಲಿ ಕೊಟ್ಬಿಡ್ತೀನಿ. ಬೈತಾರೆ, ಬೈಲಿ. ಎರಡು ಏಟು ಹಾಕಿದ್ರೂ ತಿಂತೀನಿ."

ಜಂಕ್ಷನ್ನಿನ ಚಹಾದಂಗಡಿಯ ಬೆಂಚಿನಲ್ಲಿ ಚಾಮಿ, ಸುತ್ತ ಯೂನಿಯನ್ನಿನ ನೀಲಿ ಅಂಗಿಯ ಏಳೆಂಟು ಹೊರೆಯಾಳುಗಳು. ಉಣ್ಣೀರಿ ಲಾರಿ ನಿಲ್ಲಿಸಿ, ಕಿಟಕಿಯಿಂದ ಕೈ ಚಾಚಿದ.

"ಚಾಮಿಯೇಟ್ಟಾ, ಅವತ್ತಿನ ಕೂಲಿ..."

ಚಾಮಿ ಚಹಾ ಊದಿದ. ದನಿ ಏರಿಸಲಿಲ್ಲ.

"ಯಾವ ಕೂಲಿ ಮಾರಾಯ? ನಿನ್ನ ಲಾರೀನ ನಾವು ಯಾರೂ ನೋಡೇ ಇಲ್ಲ. ಇನ್ಮೇಲೂ ನೋಡಲ್ಲ."

ಅಷ್ಟೂ ಜನ ಒಟ್ಟಿಗೆ ಮುಖ ತಿರುಗಿಸಿಕೊಂಡರು. ಇನ್ನು ಈ ಊರಲ್ಲಿ ಆ ಲಾರಿಗೆ ಯೂನಿಯನ್ನಿನವರು ಒಂದು ಇಟ್ಟಿಗೆಯನ್ನೂ ಏರಿಸುವುದಿಲ್ಲ, ಬೇರೆಯವರು ಏರಿಸಲು ಬಿಡುವುದೂ ಇಲ್ಲ. ಅದು ಅವನಿಗೂ ತಿಳಿಯಿತು, ನನಗೂ. ನೋಟು ಹಿಡಿದ ಕೈಯನ್ನು ಅವನು ಒಳಗೆ ತೆಗೆದುಕೊಳ್ಳಲಿಲ್ಲ. ಕೊನೆಗೆ ಪಕ್ಕದಲ್ಲಿ ಕೂತಿದ್ದ ನಾನೇ ಹಿಡಿದು ಎಳೆದುಕೊಂಡೆ. ತಣ್ಣಗಿತ್ತು.